ಸಂಖ್ಯೆಯನ್ನು ಭಾಗ ಮಾಡುವ ಲೆಕ್ಕಗಳು: 'ಗಿಂತ' ಎಲ್ಲಿದೆ ಅಂತ ಮೊದಲು ನೋಡಿ

ಅಣ್ಣನ ಮಗಳು ಎಂಟನೇ ಕ್ಲಾಸು. ಸಮೀಕರಣ ಬರೆದುಕೊಟ್ಟರೆ ಚಕಚಕ ಬಿಡಿಸುತ್ತಾಳೆ. ಅದೇ ಲೆಕ್ಕವನ್ನು ಮಾತಿನಲ್ಲಿ ಕೊಟ್ಟರೆ ಪೆನ್ಸಿಲಿನ ತುದಿ ಕಚ್ಚುತ್ತಾ ಕೂತುಬಿಡುತ್ತಾಳೆ. ಹೋದ ಭಾನುವಾರ ಅವಳ ಮುಂದೆ ಇದ್ದ ಲೆಕ್ಕ ಇದು:

70ನ್ನು ಎರಡು ಭಾಗ ಮಾಡಿ. ದೊಡ್ಡ ಭಾಗವು ಚಿಕ್ಕ ಭಾಗದ ಎರಡರಷ್ಟಕ್ಕಿಂತ 7 ಜಾಸ್ತಿ ಇರಬೇಕು.

ಹತ್ತು ನಿಮಿಷ ಆದಮೇಲೆ ರಫ್ ನೋಟ್‌ಬುಕ್ಕನ್ನು ನನ್ನ ಕಡೆ ತಳ್ಳಿದಳು. "ದೊಡ್ಡ ಭಾಗ 21, ಚಿಕ್ಕ ಭಾಗ 49. ಸರಿ ಅಲ್ವಾ ಅತ್ತೆ?"

ಕೂಡಿದರೆ 70 ಬರುತ್ತದೆ. ಬಿಡಿಸಿದ ಕ್ರಮದಲ್ಲಿ ಒಂದು ತಪ್ಪೂ ಇಲ್ಲ. ಆದರೆ ದೊಡ್ಡದು 21, ಚಿಕ್ಕದು 49 ಆಗುವುದು ಹೇಗೆ? ಅವಳಿಗೆ ಗಣಿತ ಬರುತ್ತದೆ. ಎಡವಿದ್ದು ಕನ್ನಡ ವಾಕ್ಯವನ್ನು ಓದುವ ಕಡೆ. ಈ ಜಾತಿಯ ಲೆಕ್ಕಗಳಲ್ಲಿ ಮಕ್ಕಳು ತಪ್ಪುವುದು ಹೆಚ್ಚಾಗಿ ಅಲ್ಲೇ ಅಂತ ನಾನು ಕಂಡುಕೊಂಡಿದ್ದೇನೆ. ಹಾಗಾಗಿ ಇಲ್ಲಿ ಸಮೀಕರಣ ಬಿಡಿಸುವುದಕ್ಕಿಂತ ಜಾಸ್ತಿ, ವಾಕ್ಯದಿಂದ ಸಮೀಕರಣ ಕಟ್ಟುವುದು ಹೇಗೆ ಅಂತ ಹೇಳುತ್ತೇನೆ.

ಗೊತ್ತಿಲ್ಲದ ಸಂಖ್ಯೆಗೆ ಒಂದು ಹೆಸರು

ಶಾಲೆಯ ಪುಸ್ತಕದಲ್ಲಿ ಗೊತ್ತಿಲ್ಲದ ಸಂಖ್ಯೆಗೆ ಎಕ್ಸ್ ಅನ್ನುತ್ತಾರೆ. ನಾನಿಲ್ಲಿ 'ಯ' ಅಂತ ಬರೆಯುತ್ತೇನೆ. ಅದಕ್ಕೊಂದು ಕಾರಣ ಇದೆ. 12ನೇ ಶತಮಾನದ ಭಾಸ್ಕರಾಚಾರ್ಯರು ತಮ್ಮ ಬೀಜಗಣಿತದಲ್ಲಿ ಗೊತ್ತಿಲ್ಲದ ಸಂಖ್ಯೆಯನ್ನು 'ಯಾವತ್ತಾವತ್' ಅಂತ ಕರೆದಿದ್ದಾರೆ. ಅಂದರೆ 'ಎಷ್ಟೋ ಅಷ್ಟು'. ಬರೆಯುವಾಗ ಅದನ್ನು ಮೊಟಕು ಮಾಡಿ 'ಯಾ' ಅಂತ ಬರೆಯುತ್ತಿದ್ದರು.

'ಎಷ್ಟೋ ಅಷ್ಟು' ಅನ್ನುವ ಈ ಮಾತು ಮಕ್ಕಳಿಗೆ ಬಹಳ ಬೇಗ ಹಿಡಿಸುತ್ತದೆ. 'ತಂಗಿಗೆ ಎಷ್ಟೋ ಅಷ್ಟು ಸಿಗಲಿ. ಅಕ್ಕನಿಗೆ ಅದಕ್ಕಿಂತ 8 ಜಾಸ್ತಿ.' ಇದು ದಿನಾ ಆಡುವ ಮಾತೇ. ಇದನ್ನೇ ಚಿಕ್ಕದಾಗಿ ಬರೆದರೆ ತಂಗಿಗೆ ಯ, ಅಕ್ಕನಿಗೆ ಯ + 8. ಬೀಜಗಣಿತ ಅಲ್ಲಿಂದಲೇ ಶುರು. ನಿಮ್ಮ ನೋಟ್‌ಬುಕ್‌ನಲ್ಲಿ ಯಾವ ಅಕ್ಷರ ಬೇಕಾದರೂ ಹಾಕಿ, ಲೆಕ್ಕ ಬದಲಾಗುವುದಿಲ್ಲ.

ಮೊದಲು ಹುಣಸೆ ಬೀಜ, ಆಮೇಲೆ ಪೆನ್ಸಿಲ್

ಮನೆಯಲ್ಲಿ ಚೌಕಾಬಾರಕ್ಕೆ ಅಂತ ಎತ್ತಿಟ್ಟ ಹುಣಸೆ ಬೀಜ ಇದ್ದರೆ ಒಂದು 50 ಎಣಿಸಿಕೊಂಡು ನೆಲದ ಮೇಲೆ ಹಾಕಿ. ಲೆಕ್ಕ ಇದು: 50 ಬೀಜವನ್ನು ಎರಡು ಗುಡ್ಡೆ ಮಾಡಬೇಕು. ಮೊದಲ ಗುಡ್ಡೆಯಲ್ಲಿ ಎರಡನೆಯದಕ್ಕಿಂತ 8 ಜಾಸ್ತಿ ಇರಬೇಕು.

ಮಗುವಿಗೆ ಏನೂ ಹೇಳಿಕೊಡಬೇಡಿ, ಸುಮ್ನೆ ನೋಡುತ್ತಾ ಕೂತಿರಿ. ತುಂಬಾ ಮಕ್ಕಳು ಮೊದಲು 25-25 ಮಾಡುತ್ತಾರೆ. ಆಮೇಲೆ ಒಂದು ಗುಡ್ಡೆಯಿಂದ 8 ತೆಗೆದು ಇನ್ನೊಂದಕ್ಕೆ ಹಾಕುತ್ತಾರೆ. ಎಣಿಸಿದರೆ 33 ಮತ್ತು 17. ವ್ಯತ್ಯಾಸ 16! ಒಂದು ಕಡೆ 8 ಇಳಿಯಿತು, ಇನ್ನೊಂದು ಕಡೆ 8 ಏರಿತು, ಅಂತರ ಎರಡರಷ್ಟಾಯಿತು. ಇದನ್ನು ಮಗು ತನ್ನ ಕೈಯಲ್ಲೇ ಮಾಡಿ ನೋಡಿದರೆ ಮತ್ತೆ ಮರೆಯುವುದಿಲ್ಲ.

ಸರಿಯಾದ ದಾರಿ ಹೀಗೆ. ಜಾಸ್ತಿ ಇರಬೇಕಾದ 8 ಬೀಜವನ್ನು ಮೊದಲೇ ಪಕ್ಕಕ್ಕೆ ಎತ್ತಿಡಿ. ಉಳಿದದ್ದು 42. ಅದನ್ನು ಸಮನಾಗಿ ಎರಡು ಮಾಡಿ, 21 ಮತ್ತು 21. ಎತ್ತಿಟ್ಟ 8ನ್ನು ಒಂದು ಗುಡ್ಡೆಗೆ ಸೇರಿಸಿ. 29 ಮತ್ತು 21. ಮುಗಿಯಿತು.

ಈಗ ಇದನ್ನೇ ಕಾಗದದ ಮೇಲೆ ಬರೆಯೋಣ. ಎರಡನೇ ಗುಡ್ಡೆಯಲ್ಲಿ ಎಷ್ಟೋ ಅಷ್ಟು, ಅಂದರೆ ಯ. ಮೊದಲನೆಯದರಲ್ಲಿ ಯ + 8. ಎರಡೂ ಸೇರಿ 50.

ಯ + (ಯ + 8) = 50
2ಯ + 8 = 50
2ಯ = 42
ಯ = 21

ಮೂರನೇ ಸಾಲನ್ನು ನೋಡಿ. 50 ಹೋಗಿ 42 ಆಯಿತಲ್ಲ, ಅದೇ ನಾವು 8 ಬೀಜ ಎತ್ತಿಟ್ಟದ್ದು. ನಾಲ್ಕನೇ ಸಾಲು ಸಮನಾಗಿ ಎರಡು ಮಾಡಿದ್ದು. ಸಮೀಕರಣದ ಒಂದೊಂದು ಸಾಲೂ ಕೈ ಮಾಡಿದ ಒಂದೊಂದು ಕೆಲಸ. 'ಆ ಕಡೆ ಹೋದರೆ ಕೂಡು ಹೋಗಿ ಕಳೆ ಆಗುತ್ತದೆ' ಅಂತ ಬಾಯಿಪಾಠ ಮಾಡಿಸುವುದು ನನಗೆ ಇಷ್ಟವಿಲ್ಲ. ಸಮ ಚಿಹ್ನೆ ಅಂದರೆ ತಕ್ಕಡಿ. ಎಡಗಡೆ ತಟ್ಟೆಯಿಂದ 8 ತೆಗೆದರೆ ಬಲಗಡೆಯಿಂದಲೂ 8 ತೆಗೆಯಬೇಕು, ಇಲ್ಲದಿದ್ದರೆ ತಕ್ಕಡಿ ವಾಲುತ್ತದೆ. ಇಷ್ಟು ಅರ್ಥ ಆದಮೇಲೆ ಚಿಹ್ನೆ ಬದಲಾಯಿಸುವ ಅಭ್ಯಾಸ ತಾನಾಗಿ ಬರುತ್ತದೆ.

ಮೊತ್ತ ಮತ್ತು ವ್ಯತ್ಯಾಸ ಎರಡೂ ಗೊತ್ತಿರುವ ಈ ಲೆಕ್ಕ ನಮ್ಮಲ್ಲಿ ಬಹಳ ಹಳೆಯದು. 1150ರ ಸುಮಾರಿನಲ್ಲಿ ಇದೇ ಭಾಸ್ಕರಾಚಾರ್ಯರು ಬರೆದ ಲೀಲಾವತಿಯಲ್ಲಿ ಇದಕ್ಕೆ 'ಸಂಕ್ರಮಣ' ಅಂತ ಹೆಸರು. ಮೊತ್ತಕ್ಕೆ ವ್ಯತ್ಯಾಸ ಕೂಡಿಸಿ ಅರ್ಧ ಮಾಡಿದರೆ ದೊಡ್ಡದು, ಕಳೆದು ಅರ್ಧ ಮಾಡಿದರೆ ಚಿಕ್ಕದು. 50 + 8 = 58, ಅರ್ಧ 29. 50 − 8 = 42, ಅರ್ಧ 21. ಬೀಜ ಹಾಕಿ ಮಾಡಿದ ಮಗುವಿಗೆ ಈ ಸೂತ್ರ ಹೇಳಿ, ಯಾಕೆ ಹೀಗೆ ಅಂತ ಅದೇ ವಿವರಿಸುತ್ತದೆ.

'ಗಿಂತ' ಯಾರಿಗೆ ಅಂಟಿದೆ?

ಈಗ ಮುಖ್ಯ ವಿಷಯ. ಮೇಲಿನ ಲೆಕ್ಕದಲ್ಲಿ ಎರಡನೇ ಗುಡ್ಡೆಯನ್ನೇ ಯಾಕೆ ಯ ಅಂದುಕೊಂಡೆವು? ಮೊದಲನೆಯದನ್ನು ಯಾಕೆ ಅಂದುಕೊಳ್ಳಲಿಲ್ಲ?

ವಾಕ್ಯವನ್ನು ಇನ್ನೊಮ್ಮೆ ಓದಿ. 'ಮೊದಲ ಗುಡ್ಡೆಯಲ್ಲಿ ಎರಡನೆಯದಕ್ಕಿಂತ 8 ಜಾಸ್ತಿ.' 'ಗಿಂತ' ಅಂಟಿಕೊಂಡಿರುವುದು ಎರಡನೆಯದಕ್ಕೆ. ಅಳತೆಗೋಲು ಅದೇ. ಮೊದಲನೆಯದನ್ನು ಅದರ ಪಕ್ಕ ಇಟ್ಟು ಅಳೆಯುತ್ತಿದ್ದೇವೆ. ಯಾವುದು ಅಳತೆಗೋಲೋ ಅದೇ ಯ.

'ಅಕ್ಕನ ಪಾಲು ತಂಗಿಯ ಪಾಲಿನ ಮೂರರಷ್ಟು' ಅಂದಾಗ 'ಗಿಂತ' ಇಲ್ಲ. ಆದರೆ 'ಪಾಲಿನ' ಅನ್ನುವ ಮಾತು ಅದೇ ಕೆಲಸ ಮಾಡುತ್ತಿದೆ. 'ಯಾವುದರ ಮೂರರಷ್ಟು?' ಅಂತ ಕೇಳಿ. ತಂಗಿಯ ಪಾಲಿನ. ಹಾಗಾದರೆ ತಂಗಿಯ ಪಾಲು ಯ, ಅಕ್ಕನದು 3ಯ. ಇಬ್ಬರಿಗೂ ಸೇರಿ 96 ರೂಪಾಯಿ ಇದ್ದರೆ 4ಯ = 96. ತಂಗಿಗೆ 24, ಅಕ್ಕನಿಗೆ 72.

ಅದಕ್ಕೇ ನಾನು ಮಕ್ಕಳಿಗೆ ಹೇಳುವುದು ಒಂದೇ. ಪೆನ್ಸಿಲ್ ಹಿಡಿಯುವ ಮುಂಚೆ ಎರಡು ಸಲ ಓದು. 'ಯಾವುದಕ್ಕಿಂತ? ಯಾವುದರ?' ಅಂತ ಕೇಳಿಕೋ. ಬಂದ ಉತ್ತರದ ಕೆಳಗೆ ಗೆರೆ ಎಳೆ. ಅದರ ಮೇಲೆ ಯ ಅಂತ ಬರೆ. ಆಮೇಲೆ ಉಳಿದದ್ದನ್ನೆಲ್ಲ ಯ ಬಳಸಿ ಬರೆ.

ಯ ಬೇರೆ ಯಾವುದಾದರೂ ಆಗಬಾರದು ಅಂತೇನಿಲ್ಲ. ಮೊದಲ ಗುಡ್ಡೆಯನ್ನೇ ಯ ಅಂದುಕೊಂಡರೆ ಎರಡನೆಯದು ಯ − 8 ಆಗುತ್ತದೆ, ಉತ್ತರ ಅದೇ ಬರುತ್ತದೆ. ಆದರೆ ವಾಕ್ಯವನ್ನು ತಲೆಯಲ್ಲೇ ತಿರುಗಿಸಿಕೊಳ್ಳಬೇಕು. ಮೂರರಷ್ಟು ಬಂದರೆ ಭಿನ್ನರಾಶಿ ಬೇರೆ ತಲೆನೋವು. ಶುರುವಿನಲ್ಲಿ ಅದು ಬೇಡ.

ಈಗ ಅಣ್ಣನ ಮಗಳ ಲೆಕ್ಕಕ್ಕೆ ವಾಪಸ್ ಬರೋಣ. 'ದೊಡ್ಡ ಭಾಗವು ಚಿಕ್ಕ ಭಾಗದ ಎರಡರಷ್ಟಕ್ಕಿಂತ 7 ಜಾಸ್ತಿ.' ಯಾವುದಕ್ಕಿಂತ? ಎರಡರಷ್ಟಕ್ಕಿಂತ. ಯಾವುದರ ಎರಡರಷ್ಟು? ಚಿಕ್ಕ ಭಾಗದ. ಎರಡು ಸಲ ಕೇಳಿದಾಗ ಬುಡಕ್ಕೆ ಬಂದೆವು. ಚಿಕ್ಕದು ಯ. ಅದರ ಎರಡರಷ್ಟು 2ಯ. ಅದಕ್ಕಿಂತ 7 ಜಾಸ್ತಿ ಅಂದರೆ 2ಯ + 7. ಇದು ದೊಡ್ಡದು.

ಯ + 2ಯ + 7 = 70
3ಯ = 63
ಯ = 21

ಚಿಕ್ಕದು 21, ದೊಡ್ಡದು 49. ಅವಳು ಬರೆದಿದ್ದ ಸಮೀಕರಣವೂ ಇದೇ! ವಾಕ್ಯದಲ್ಲಿ 'ದೊಡ್ಡ ಭಾಗ' ಮೊದಲು ಬಂತು ಅಂತ ಅದಕ್ಕೆ ಯ ಕೊಟ್ಟಿದ್ದಳು. ಮೊದಲು ಕಂಡವರಿಗೆ ಯ ಕೊಡುವ ಈ ಅಭ್ಯಾಸ ತುಂಬಾ ಮಕ್ಕಳಲ್ಲಿದೆ. ಹಾಗಾಗಿ ಯ ಯಾವುದು ಅಂತ ಮಾತಿನಲ್ಲಿ ಬರೆದಿಡಿ. 'ಚಿಕ್ಕ ಭಾಗ = ಯ' ಅಂತ ಒಂದು ಸಾಲು ಸಾಕು. ಆ ಸಾಲು ಇಲ್ಲದೆ ಸಮೀಕರಣಕ್ಕೆ ಕೈ ಹಾಕಬೇಡಿ.

ಭಾಷೆಯದೇ ಇನ್ನೆರಡು ಗುಂಡಿಗಳಿವೆ. ಒಂದು, 'ಕಮ್ಮಿ'. 'ಚಿಕ್ಕದರ ಎರಡರಷ್ಟಕ್ಕಿಂತ 5 ಕಮ್ಮಿ' ಅಂದರೆ 2ಯ − 5. ಇದನ್ನು 5 − 2ಯ ಅಂತ ಬರೆಯುವವರಿದ್ದಾರೆ. 'ಹತ್ತಕ್ಕಿಂತ 3 ಕಮ್ಮಿ ಎಷ್ಟು?' ಅಂತ ಕೇಳಿ. ಏಳು ಅಂತಾರೆ. ಹೇಗೆ ಬಂತು? 10 − 3. 'ಗಿಂತ' ಅಂಟಿದ್ದು ಮುಂದೆ, ಕಮ್ಮಿ ಆಗುವುದು ಹಿಂದೆ. ಯಾವಾಗ ಗೊಂದಲ ಆದರೂ ಗೊತ್ತಿರುವ ಸಣ್ಣ ಸಂಖ್ಯೆ ಹಾಕಿ ನೋಡಿಕೊಳ್ಳಿ, ದಾರಿ ಕಾಣುತ್ತದೆ.

ಎರಡು, 'ಪಟ್ಟು ಜಾಸ್ತಿ'. 'ಅದರ ಮೂರು ಪಟ್ಟು' ಅಂದರೆ 3ಯ, ಅನುಮಾನ ಇಲ್ಲ. 'ಅದಕ್ಕಿಂತ ಮೂರು ಪಟ್ಟು ಜಾಸ್ತಿ' ಅಂದರೆ? ಮಾತಿನಲ್ಲಿ ಹೆಚ್ಚಿನವರು 3ಯ ಅಂತಲೇ ಅಂದುಕೊಳ್ಳುತ್ತಾರೆ. ಅಕ್ಷರಕ್ಷರ ಹಿಡಿದರೆ ಯ + 3ಯ, ಅಂದರೆ 4ಯ ಆಗಬೇಕು. ಮಕ್ಕಳಿಗೆ ಲೆಕ್ಕ ಬರೆದುಕೊಡುವವರು ದಯವಿಟ್ಟು ಈ ಮಾತು ಬಿಟ್ಟುಬಿಡಿ. 'ಮೂರರಷ್ಟು' ಅಂತ ನೇರವಾಗಿ ಬರೆಯಿರಿ.

ಮೂರು ಜನ ಇದ್ದಾಗ

180 ತೆಂಗಿನಕಾಯಿ. ಅಣ್ಣ, ಅಕ್ಕ, ತಮ್ಮ ಹಂಚಿಕೊಳ್ಳಬೇಕು. ಅಣ್ಣನಿಗೆ ತಮ್ಮನ ಎರಡರಷ್ಟು. ಅಕ್ಕನಿಗೆ ತಮ್ಮನಿಗಿಂತ 20 ಜಾಸ್ತಿ. ಇಲ್ಲಿ ಎರಡು ಸಲವೂ ಅಳತೆಗೋಲು ತಮ್ಮನೇ. ತಮ್ಮನಿಗೆ ಯ, ಅಣ್ಣನಿಗೆ 2ಯ, ಅಕ್ಕನಿಗೆ ಯ + 20. ಕೂಡಿದರೆ 4ಯ + 20 = 180. ಯ = 40. ತಮ್ಮನಿಗೆ 40, ಅಣ್ಣನಿಗೆ 80, ಅಕ್ಕನಿಗೆ 60.

ಕಷ್ಟ ಬರುವುದು ಸರಪಳಿ ಲೆಕ್ಕದಲ್ಲಿ. 95 ತೆಂಗಿನಕಾಯಿ. ಅಣ್ಣನಿಗೆ ಅಕ್ಕನ ಎರಡರಷ್ಟು. ಅಕ್ಕನಿಗೆ ತಮ್ಮನಿಗಿಂತ 5 ಜಾಸ್ತಿ. ಅಣ್ಣನನ್ನು ಅಕ್ಕನಿಂದ ಅಳೆಯುತ್ತೇವೆ, ಅಕ್ಕನನ್ನು ತಮ್ಮನಿಂದ. ತಮ್ಮನನ್ನು? ಅವನ ಪಾಲಿನ ಬಗ್ಗೆ ಲೆಕ್ಕ ಏನೂ ಹೇಳಿಲ್ಲ. ಯಾರ ಬಗ್ಗೆ ಏನೂ ಹೇಳಿಲ್ಲವೋ ಸರಪಳಿಯ ಕೊನೆ ಅವರೇ, ಯ ಅವರಿಗೇ.

ತಮ್ಮ = ಯ
ಅಕ್ಕ = ಯ + 5
ಅಣ್ಣ = 2(ಯ + 5)

ಆವರಣ ಹಾಕುವುದನ್ನು ಮರೆಯಬಾರದು. ಅಣ್ಣನಿಗೆ ಸಿಗಬೇಕಾದ್ದು ಅಕ್ಕನ ಇಡೀ ಪಾಲಿನ ಎರಡರಷ್ಟು. ಅವಳ 5ನ್ನೂ ಎರಡರಷ್ಟು ಮಾಡಬೇಕು, 2ಯ + 10. ಒಟ್ಟು ಕೂಡಿದರೆ 4ಯ + 15 = 95. 4ಯ = 80. ಯ = 20. ತಮ್ಮನಿಗೆ 20, ಅಕ್ಕನಿಗೆ 25, ಅಣ್ಣನಿಗೆ 50.

ಆವರಣ ಮರೆತು ಅಣ್ಣನಿಗೆ 2ಯ + 5 ಅಂತ ಬರೆದಿದ್ದರೆ 4ಯ + 10 = 95, ಯ = 21.25. ಇಪ್ಪತ್ತೊಂದೂಕಾಲು ತೆಂಗಿನಕಾಯಿ! ಕಾಯಿ, ಜನ, ಪುಸ್ತಕ ಹಂಚುವಾಗ ಹೀಗೆ ಚೂರು ಬಂದರೆ ನಿಂತು ಹಿಂದಕ್ಕೆ ಹೋಗಿ. ದುಡ್ಡು, ದೂರ, ತೂಕ ಆದರೆ ಪರವಾಗಿಲ್ಲ, 21.25 ಕಿಲೋ ಇರಬಹುದು. ಆದರೆ ತಪ್ಪು ಸಮೀಕರಣವೂ ಎಷ್ಟೋ ಸಲ ಪೂರ್ಣ ಸಂಖ್ಯೆಯನ್ನೇ ಕೊಟ್ಟುಬಿಡುತ್ತದೆ, ಚೂರು ಬರಲಿಲ್ಲ ಅಂತ ಸುಮ್ಮನಾಗುವ ಹಾಗಿಲ್ಲ.

ಹಾಗಾದರೆ ತಾಳೆ ನೋಡುವುದು ಹೇಗೆ? 21.25ನ್ನು 4ಯ + 10ಕ್ಕೆ ಹಾಕಿದರೆ ಸರಿಯಾಗಿ 95 ಬರುತ್ತದೆ. ಸಮೀಕರಣವೇ ತಪ್ಪಾಗಿದ್ದಾಗ ಅದಕ್ಕೇ ಉತ್ತರ ಹಾಕಿ ನೋಡಿದರೆ ಏನು ಸಿಕ್ಕೀತು? ಉತ್ತರ ಬಂದಮೇಲೆ ಸಮೀಕರಣವನ್ನು ಕೈಯಿಂದ ಮುಚ್ಚಿ. ಪ್ರಶ್ನೆಯನ್ನು ಮತ್ತೆ ಓದಿ. 'ಅಣ್ಣನಿಗೆ ಅಕ್ಕನ ಎರಡರಷ್ಟು': 50, 25. ಹೌದು. 'ಅಕ್ಕನಿಗೆ ತಮ್ಮನಿಗಿಂತ 5 ಜಾಸ್ತಿ': 25, 20. ಹೌದು. ಒಟ್ಟು: 95. ಹೌದು. ಪ್ರಶ್ನೆಯ ಪ್ರತಿ ಮಾತಿಗೂ ಒಂದು 'ಹೌದು' ಬರಬೇಕು. ದೊಡ್ಡದು 21, ಚಿಕ್ಕದು 49 ಅಂತ ಬರೆದವಳು ಒಂದೇ ಒಂದು ಸಲ ಪ್ರಶ್ನೆಗೆ ವಾಪಸ್ ಹೋಗಿದ್ದರೆ ಸಾಕಿತ್ತು.

ಇನ್ನೊಂದು. ಯ ಸಿಕ್ಕಿದ ಖುಷಿಯಲ್ಲಿ 'ಯ = 20' ಅಂತ ಬರೆದು ಡಬ್ಬಿ ಹಾಕಿ ಮುಂದಿನ ಲೆಕ್ಕಕ್ಕೆ ಹೋಗುವವರಿದ್ದಾರೆ. ಪ್ರಶ್ನೆ ಕೇಳಿದ್ದು ಅಣ್ಣನ ಪಾಲನ್ನು ಇರಬಹುದು. ಕೊನೆಯ ವಾಕ್ಯ ಏನು ಕೇಳಿದೆ ಅಂತ ನೋಡಿ, ಅದಕ್ಕೆ ಉತ್ತರ ಬರೆಯಿರಿ.

'ಗಿಂತ' ಇಲ್ಲದೇ ಇದ್ದರೆ: ಉಳಿದದ್ದು

ಕೆಲವು ಲೆಕ್ಕದಲ್ಲಿ ಯಾರೂ ಯಾರಿಗಿಂತಲೂ ಜಾಸ್ತಿ ಇರುವುದಿಲ್ಲ. 60ನ್ನು ಎರಡು ಭಾಗ ಮಾಡಿ, ಮೊದಲನೆಯದರ ಮೂರರಷ್ಟು ಎರಡನೆಯದರ ಎರಡರಷ್ಟಕ್ಕೆ ಸಮ ಇರಬೇಕು. ಇಲ್ಲಿ ಎರಡೂ ಭಾಗಗಳು ಅಳತೆಗೆ ಬಂದಿವೆ. ಯಾವುದನ್ನು ಬೇಕಾದರೂ ಯ ಅನ್ನಿ. ಮೊದಲನೆಯದು ಯ. ಎರಡನೆಯದು? 60ರಲ್ಲಿ ಉಳಿದದ್ದು, 60 − ಯ.

ಈ '60 − ಯ' ಬರೆಯುವ ಮುಂಚೆ ಮಕ್ಕಳು ತುಂಬಾ ತಡವರಿಸುತ್ತಾರೆ. ಬೀಜಗಳಿಗೇ ವಾಪಸ್ ಹೋಗಿ. 60 ಬೀಜ ಇಟ್ಟು 10 ಮುಷ್ಟಿಯಲ್ಲಿ ಹಿಡಿದುಕೊಳ್ಳಿ. ನೆಲದ ಮೇಲೆ ಎಷ್ಟು? 50. 15 ಹಿಡಿದರೆ? 45. ಎಷ್ಟೋ ಅಷ್ಟು ಹಿಡಿದರೆ? ಮಗು ಸ್ವಲ್ಪ ಹೊತ್ತು ನಿಮ್ಮ ಮುಷ್ಟಿಯನ್ನೇ ನೋಡುತ್ತದೆ. ಆಮೇಲೆ '60ರಲ್ಲಿ ಅಷ್ಟು ಕಳೆದರೆ ಆಯ್ತಲ್ವಾ' ಅನ್ನುತ್ತದೆ. ಬಂತಲ್ಲ, 60 − ಯ.

3ಯ = 2(60 − ಯ)
3ಯ = 120 − 2ಯ
5ಯ = 120
ಯ = 24

ಭಾಗಗಳು 24 ಮತ್ತು 36. 24ರ ಮೂರರಷ್ಟು 72, 36ರ ಎರಡರಷ್ಟು 72. ಹೌದು. ಇಲ್ಲೂ ಆವರಣ ಬಿಟ್ಟರೆ ಲೆಕ್ಕ ಕೆಡುತ್ತದೆ.

ಇದರದೇ ಇನ್ನೊಂದು ರೂಪ: 84ನ್ನು ಎರಡು ಭಾಗ ಮಾಡಿ, ಮೊದಲನೆಯದರ ಮೂರನೇ ಒಂದು ಭಾಗ ಎರಡನೆಯದರ ಕಾಲು ಭಾಗಕ್ಕೆ ಸಮ. ಯ/3 = (84 − ಯ)/4. ಎರಡೂ ಕಡೆ 12ರಿಂದ ಗುಣಿಸಿದರೆ ಭಿನ್ನರಾಶಿ ಹೋಗುತ್ತದೆ: 4ಯ = 252 − 3ಯ. 7ಯ = 252. ಯ = 36, ಇನ್ನೊಂದು 48. ಎರಡೂ ಕಡೆ 12 ಬರುತ್ತದೆ.

ಹುಂಡಿಯ ಲೆಕ್ಕ

'ಉಳಿದದ್ದು' ತುಂಬಾ ಚೆನ್ನಾಗಿ ಉಪಯೋಗಕ್ಕೆ ಬರುವುದು ನಾಣ್ಯದ ಲೆಕ್ಕದಲ್ಲಿ. ಮಗುವಿನ ಹುಂಡಿ ಒಡೆದಾಗ 2 ರೂಪಾಯಿ ಮತ್ತು 5 ರೂಪಾಯಿ ನಾಣ್ಯ ಸೇರಿ 40 ಇದ್ದವು. ಒಟ್ಟು ದುಡ್ಡು 125 ರೂಪಾಯಿ. ಯಾವುದು ಎಷ್ಟು?

ಇಲ್ಲಿ ಎರಡು ಬೇರೆ ಬೇರೆ ಲೆಕ್ಕ ಇವೆ, ನಾಣ್ಯ ಎಷ್ಟು ಅನ್ನುವುದು ಒಂದು, ದುಡ್ಡು ಎಷ್ಟು ಅನ್ನುವುದು ಇನ್ನೊಂದು. ಭಾಗ ಆಗುವುದು 40, ಅಂದರೆ ನಾಣ್ಯ. ಸಮೀಕರಣ ಆಗುವುದು 125, ಅಂದರೆ ದುಡ್ಡು. ಇವೆರಡನ್ನು ಕಲಸಿ ಯ + (40 − ಯ) = 125 ಅಂತ ಬರೆದರೆ 40 = 125 ಅಂತ ಆಗಿ ಲೆಕ್ಕ ಅಲ್ಲೇ ಸಿಕ್ಕಿಹಾಕಿಕೊಳ್ಳುತ್ತದೆ.

5 ರೂಪಾಯಿ ನಾಣ್ಯಗಳು ಯ ಅನ್ನಿ. ಅವುಗಳ ಬೆಲೆ 5ಯ. 2 ರೂಪಾಯಿಯವು 40 − ಯ. ಅವುಗಳ ಬೆಲೆ 2(40 − ಯ).

5ಯ + 80 − 2ಯ = 125
3ಯ = 45
ಯ = 15

5 ರೂಪಾಯಿಯವು 15, 2 ರೂಪಾಯಿಯವು 25. 75 + 50 = 125, ತಾಳೆ ಆಯಿತು.

ಬೀಜಗಣಿತ ಇಲ್ಲದೆಯೂ ಇದನ್ನು ಮಾಡಬಹುದು. 40 ನಾಣ್ಯವೂ 2 ರೂಪಾಯಿಯವೇ ಅಂದುಕೊಳ್ಳಿ. ಆಗ 80 ರೂಪಾಯಿ. 45 ಕಮ್ಮಿ ಬಿತ್ತು. ಒಂದು ನಾಣ್ಯ ತೆಗೆದು 5 ರೂಪಾಯಿಯದು ಇಟ್ಟರೆ 3 ರೂಪಾಯಿ ಏರುತ್ತದೆ. 45 ಏರಬೇಕಾದರೆ 15 ನಾಣ್ಯ ಬದಲಾಯಿಸಬೇಕು. ಮೇಲಿನ ಸಮೀಕರಣದಲ್ಲಿ ಬಂದ 80, 45, 3 ಇವೇ ಅಲ್ವಾ? ಎರಡೂ ದಾರಿಯನ್ನು ಪಕ್ಕಪಕ್ಕ ಬರೆದು ತೋರಿಸಿ. ಸಮೀಕರಣದ ಒಂದೊಂದು ಸಂಖ್ಯೆಯೂ ಏನನ್ನು ಹೇಳುತ್ತಿದೆ ಅಂತ ಆಗ ತಿಳಿಯುತ್ತದೆ.

ಅನುಪಾತದಲ್ಲಿ ಹಂಚುವುದು

ಲೀಲಾವತಿಯಲ್ಲಿ ಬರುವ ಒಂದು ಲೆಕ್ಕ. ಮೂವರು ವರ್ತಕರು 51, 68, 85 ಬಂಡವಾಳ ಹಾಕಿ ವ್ಯಾಪಾರ ಮಾಡುತ್ತಾರೆ. ಅದು ಬೆಳೆದು 300 ಆಗುತ್ತದೆ. ಯಾರಿಗೆ ಎಷ್ಟು? ಸಂಖ್ಯೆ ನೋಡಿದರೆ ಗಾಬರಿ ಆಗುತ್ತದೆ. ಆದರೆ 51, 68, 85 ಮೂರೂ 17ರ ಮಗ್ಗಿಯಲ್ಲಿವೆ. 17 ಮೂರಲಿ 51, ನಾಲ್ಕಲಿ 68, ಐದಲಿ 85. ಅನುಪಾತ 3 : 4 : 5.

ಅಂದರೆ ಮೊದಲನೆಯವನಿಗೆ ಮೂರು ಪಾಲು, ಎರಡನೆಯವನಿಗೆ ನಾಲ್ಕು, ಮೂರನೆಯವನಿಗೆ ಐದು. ಒಂದು ಪಾಲು ಎಷ್ಟೋ ಅಷ್ಟು, ಅದೇ ಯ. 3ಯ + 4ಯ + 5ಯ = 300. 12ಯ = 300, ಯ = 25. ಹಾಗಾಗಿ 75, 100, 125. ಯ ಇಲ್ಲಿ ಯಾರ ಪಾಲೂ ಅಲ್ಲ, ಎಲ್ಲರಿಗೂ ಒಂದೇ ಆದ ಅಳತೆ. 25 ಅಂತ ಉತ್ತರ ಬರೆದು ನಿಲ್ಲಿಸಬೇಡಿ.

ಒಟ್ಟರಲ್ಲೋ, ಉಳಿದದ್ದರಲ್ಲೋ?

ಒಂದು ಮನೆಯವರು ರಾಗಿ ಒಕ್ಕಿದರು. ಬಂದದ್ದರಲ್ಲಿ ಮೂರನೇ ಒಂದು ಭಾಗ ಮನೆಗೆ ಇಟ್ಟುಕೊಂಡರು. ಉಳಿದದ್ದರಲ್ಲಿ ಅರ್ಧ ಮಾರಿದರು. ಇನ್ನೂ 8 ಚೀಲ ಇದೆ. ಒಟ್ಟು ಎಷ್ಟು ಬಂದಿತ್ತು?

ಒಟ್ಟು ಯ. ಮನೆಗೆ ಯ/3. ಉಳಿದದ್ದು 2ಯ/3. ಅದರ ಅರ್ಧ ಯ/3 ಮಾರಾಟ. ಈಗ ಉಳಿದದ್ದೂ ಯ/3. ಅದು 8. ಒಟ್ಟು 24 ಚೀಲ.

'ಉಳಿದದ್ದರಲ್ಲಿ' ಅನ್ನುವ ಒಂದು ಮಾತನ್ನು ಹಾರಿಸಿ ಓದಿ. ಆಗ ಮಾರಿದ್ದು ಯ/2 ಆಗುತ್ತದೆ, ಉಳಿಯುವುದು ಯ/6, ಒಟ್ಟು 48 ಚೀಲ. ಚೂರು ಬರಲಿಲ್ಲ, ಅನುಮಾನ ಬರುವಂಥದ್ದು ಏನೂ ಇಲ್ಲ. ಆದರೂ ತಪ್ಪು. ಪ್ರಶ್ನೆಗೆ ವಾಪಸ್ ಹೋದರೆ ಮಾತ್ರ ಸಿಕ್ಕಿಬೀಳುತ್ತದೆ: 48ರಲ್ಲಿ 16 ಮನೆಗೆ, ಉಳಿದ 32ರಲ್ಲಿ ಅರ್ಧ 16 ಮಾರಾಟ, ಉಳಿಯಬೇಕಾದ್ದು 16. ಪ್ರಶ್ನೆ ಹೇಳಿದ್ದು 8.

9ನೇ ಶತಮಾನದಲ್ಲಿ, ಅಮೋಘವರ್ಷ ನೃಪತುಂಗನ ಕಾಲದಲ್ಲಿ ಮಹಾವೀರಾಚಾರ್ಯರು ಬರೆದ ಗಣಿತಸಾರಸಂಗ್ರಹದಲ್ಲಿ ಈ ಎರಡನ್ನೂ ಬೇರೆ ಬೇರೆ ಜಾತಿ ಅಂತಲೇ ವಿಂಗಡಿಸಿದ್ದಾರೆ. ಒಟ್ಟರಲ್ಲಿ ಭಾಗ ತೆಗೆಯುವುದು 'ಭಾಗ' ಜಾತಿ, ಉಳಿದದ್ದರಲ್ಲಿ ತೆಗೆಯುತ್ತಾ ಹೋಗುವುದು 'ಶೇಷ' ಜಾತಿ. ಲೆಕ್ಕ ಓದುವಾಗ 'ಇದು ಭಾಗವೋ ಶೇಷವೋ?' ಅಂತ ಕೇಳಿಕೊಳ್ಳುವ ಅಭ್ಯಾಸ ಮಾಡಿಸಿ.

ಕ್ರಮಾಗತ ಸಂಖ್ಯೆಗಳು

ಇವು ಸುಲಭ. 72ನ್ನು ಮೂರು ಕ್ರಮಾಗತ ಸಂಖ್ಯೆಗಳಾಗಿ ಭಾಗ ಮಾಡಿ ಅಂದರೆ ನಡುವಿನದ್ದನ್ನು ಯ ಅನ್ನಿ. ಯ − 1, ಯ, ಯ + 1. ಕೂಡಿದಾಗ ಹಿಂದಿನ ಒಂದು, ಮುಂದಿನ ಒಂದು ಹೊಡೆದುಹೋಗಿ 3ಯ = 72. 23, 24, 25. ಕ್ರಮಾಗತ ಸಮ ಸಂಖ್ಯೆ ಅಂದರೆ ಎರಡೆರಡು ಹೆಜ್ಜೆ: ಯ − 2, ಯ, ಯ + 2. ಮೊತ್ತ 66 ಆದರೆ 20, 22, 24. ಬೆಸ ಸಂಖ್ಯೆಗೂ ಎರಡೆರಡೇ ಹೆಜ್ಜೆ. 'ಬೆಸ' ಅಂತ ಕೇಳಿದ ತಕ್ಷಣ ಒಂದು, ಮೂರು ಅಂತ ಕೂಡಿಸಲು ಹೋಗಬೇಡಿ.

ಈಗ ನೀವೇ ಮಾಡಿ ನೋಡಿ

ಪ್ರತಿ ಲೆಕ್ಕಕ್ಕೂ 'ಯ = ಇಂಥದ್ದು' ಅನ್ನುವ ಸಾಲನ್ನು ಮೊದಲು ಬರೆಯಿರಿ.

1. 64ನ್ನು ಎರಡು ಭಾಗ ಮಾಡಿ. ವ್ಯತ್ಯಾಸ 12.
2. 91ನ್ನು ಎರಡು ಭಾಗ ಮಾಡಿ. ದೊಡ್ಡದು ಚಿಕ್ಕದರ ಎರಡರಷ್ಟಕ್ಕಿಂತ 1 ಜಾಸ್ತಿ.
3. 132ನ್ನು ಮೂರು ಭಾಗ ಮಾಡಿ. ಎರಡನೆಯದು ಮೊದಲನೆಯದರ ಎರಡರಷ್ಟು. ಮೂರನೆಯದು ಎರಡನೆಯದಕ್ಕಿಂತ 8 ಕಮ್ಮಿ.
4. 45ನ್ನು ಎರಡು ಭಾಗ ಮಾಡಿ. ಒಂದರ ನಾಲ್ಕರಷ್ಟು ಇನ್ನೊಂದರ ಐದರಷ್ಟಕ್ಕೆ ಸಮ.
5. 10 ರೂಪಾಯಿ ಮತ್ತು 50 ರೂಪಾಯಿ ನೋಟು ಸೇರಿ 30. ಒಟ್ಟು 700 ರೂಪಾಯಿ. ಯಾವುದು ಎಷ್ಟು?

ಉತ್ತರಗಳು: ಮೊದಲನೆಯದು 26 ಮತ್ತು 38. ಎರಡನೆಯದು 30 ಮತ್ತು 61. ಮೂರನೆಯದು 28, 56, 48. ನಾಲ್ಕನೆಯದು 25 ಮತ್ತು 20. ಐದನೆಯದರಲ್ಲಿ 10 ರೂಪಾಯಿ ನೋಟು 20, 50 ರೂಪಾಯಿ ನೋಟು 10.

ಮೂರನೇ ಲೆಕ್ಕದಲ್ಲಿ 'ಗಿಂತ' ಎರಡನೆಯದಕ್ಕೆ ಅಂಟಿದೆ, ಆದರೆ ಯ ಕೊಡಬೇಕಾದ್ದು ಮೊದಲನೆಯದಕ್ಕೆ. ಯಾಕೆ ಅಂತ ಮಗುವಿನ ಬಾಯಲ್ಲೇ ಹೇಳಿಸಿ. 'ಎರಡನೆಯದನ್ನು ಮೊದಲನೆಯದರಿಂದ ಅಳೆದಿದ್ದಾರಲ್ಲ' ಅಂತ ಬಂದರೆ ಸರಪಳಿಯ ಕೊನೆ ಅದಕ್ಕೆ ಸಿಕ್ಕಿದೆ ಅಂತಲೇ ಅರ್ಥ. ಬರದಿದ್ದರೆ ತೆಂಗಿನಕಾಯಿಯ ಲೆಕ್ಕವನ್ನು ಸಂಖ್ಯೆ ಬದಲಾಯಿಸಿ ಇನ್ನೊಮ್ಮೆ ಮಾಡಿಸಿ.